ಟೇಪಿನಲ್ಲಿ ಉಳಿದುದೆಷ್ಟು, ಅಳಿದುದೆಷ್ಟು?

ಹಾನಗಲ್ಲು, ಶಿಗ್ಗಾಂವಿ, ಸವಣೂರು, ಹಿರೇಕೆರೂರು - ಹಾವೇರಿ ಜಿಲ್ಲೆಯ ಈ ನಾಲ್ಕು ತಾಲ್ಲೂಕುಗಳಲ್ಲಿ ಮೂವತ್ತು ವರ್ಷಗಳ ಹಿಂದೆ ಮದುವೆ ನಡೆದ ಮನೆಗಳನ್ನು ಹೊಕ್ಕು ನೋಡಿದರೆ, ಟ್ರಂಕಿನ ತಳದಲ್ಲಿಯೋ ಗೋಡೆಯ ಗೂಡಿನಲ್ಲಿಯೋ ಒಂದು ಕಪ್ಪು ಡಬ್ಬಿ ಸಿಕ್ಕುವ ಸಂಭವವುಂಟು. ಉದ್ದ ಸುಮಾರು ೧೯ ಸೆಂ.ಮೀ., ಅಗಲ ೧೦ ಸೆಂ.ಮೀ., ದಪ್ಪ ಎರಡೂವರೆ ಸೆಂ.ಮೀ. ಅದರ ಬೆನ್ನಿನ ಮೇಲೆ ಮಾಸಿದ ಶಾಯಿಯಲ್ಲಿ ವಧೂವರರ ಹೆಸರೂ ಒಂದು ತಾರೀಖೂ ಇರುತ್ತವೆ. ಇದೇ ವಿ.ಎಚ್.ಎಸ್. ಎಂಬ ಜಾತಿಯ ವಿಡಿಯೋ ಕ್ಯಾಸೆಟ್ಟು.

ಈಚೆಗೆ ಹಾನಗಲ್ಲಿನ ನಮ್ಮ ಬಂಧುಗಳ ಮನೆಯಲ್ಲಿ ಇಂತಹದೊಂದನ್ನು ಯಂತ್ರಕ್ಕೆ ಹಾಕಿ ನೋಡುವ ಪ್ರಸಂಗ ಬಂದಿತು. ತೆರೆಯ ಮೇಲೆ ಮಸುಕು ಮಸುಕಾಗಿ ಜನರು ಓಡಾಡಿದರು. ಕೆಂಪು ಸೀರೆಯ ಕೆಂಪು ಸೀರೆಯೊಳಗೆ ನಿಲ್ಲದೆ ಪಕ್ಕದ ಗೋಡೆಗೂ ಹರಿದಿತ್ತು. ಅಕ್ಕಿಕಾಳು ಹಾಕುವವರ ಸಾಲಿನಲ್ಲಿ ಈಗ ನಮ್ಮೊಡನಿಲ್ಲದ ಹಿರಿಯರೊಬ್ಬರು ಬಂದು ಏನೋ ಹೇಳಿ ನಕ್ಕರು. ಕಾಲೇಜಿನಲ್ಲಿ ಓದುವ ಅವರ ಮೊಮ್ಮಗಳು ನಮ್ಮನ್ನು ಕೇಳಿದಳು: “ಮಾಮಾ, ಅಜ್ಜಿ ಮಾರೀನ ಕಾಣವಲ್ದು, ಧ್ವನಿ ಮಾತ್ರ ಛಲೋ ಕೇಳಸ್ತೈತಿ. ಯಾಕ?”

ಪ್ರಶ್ನೆ ಸಣ್ಣದಲ್ಲ. ಒಂದೇ ಟೇಪು, ಒಂದೇ ಯಂತ್ರ, ಒಂದೇ ಟ್ರಂಕಿನಲ್ಲಿ ಕಳೆದ ಅಷ್ಟೇ ವರ್ಷಗಳು. ಹೀಗಿರುವಲ್ಲಿ ಮುಖ ಅಳಿದು ಮಾತು ಉಳಿದುದು ಹೇಗೆ? ಉತ್ತರವನ್ನು ಹುಡುಕಲು ನಾವು ಮದುವೆಯ ಚಪ್ಪರದಿಂದ ಎದ್ದು ಇಂಗ್ಲೆಂಡಿನ ಒಂದು ಕಾಲ್ಚೆಂಡಿನ ಮೈದಾನಕ್ಕೆ ಹೋಗಿ ಬರುವುದು ಒಳಿತು. ಅದಕ್ಕೆ ಎರಡು ಕಾರಣಗಳಿವೆ. ಚೆಂಡಿನ ಅಳತೆಯೂ ವೇಗವೂ ತಿಳಿದಿರುವುದರಿಂದ ಚಿತ್ರದ ಗುಣವನ್ನು ಲೆಕ್ಕ ಹಾಕುವುದು ಸುಲಭ. ಅಲ್ಲದೆ, ಆ ಮೈದಾನದ ಕಥೆಯಲ್ಲಿ ಕಾಂತಟೇಪು ಬರಿಯ ಸಾಧನವಲ್ಲ, ಸ್ವತಃ ಸಾಕ್ಷಿ.

೧೯೬೨ರ ಡಿಸೆಂಬರ್ ೧ರಂದು ಇಪ್ಸ್‌ವಿಚ್ ಟೌನ್ ತಂಡಕ್ಕೂ ಶೆಫೀಲ್ಡ್ ವೆನ್ಸ್‌ಡೇ ತಂಡಕ್ಕೂ ಪಂದ್ಯ ನಡೆಯಿತು. ಇಪ್ಸ್‌ವಿಚ್ ೨-೦ ಅಂತರದಿಂದ ಗೆದ್ದಿತು. ಸೋತ ತಂಡದ ಮೂವರು ಆಟಗಾರರು - ಪೀಟರ್ ಸ್ವಾನ್, ಟೋನಿ ಕೇ, ಡೇವಿಡ್ ಲೇನ್ - ತಮ್ಮ ತಂಡವೇ ಸೋಲುವುದೆಂದು ತಲಾ ೫೦ ಪೌಂಡು ಜೂಜು ಕಟ್ಟಿದ್ದರು. ಪ್ರತಿಯೊಬ್ಬನಿಗೂ ನೂರು ಪೌಂಡು ಲಾಭ ಬಂದಿತು. ಈ ಜೂಜಿನ ಜಾಲವನ್ನು ಹೆಣೆದವನು ಜಿಮ್ಮಿ ಗೋಲ್ಡ್ ಎಂಬ ಹಳೆಯ ಆಟಗಾರ. ಅವನೇ ೧೯೬೪ರಲ್ಲಿ ತನ್ನ ಕಥೆಯನ್ನು ‘ದಿ ಪೀಪಲ್’ ಎಂಬ ಭಾನುವಾರದ ಪತ್ರಿಕೆಗೆ ೭,೦೦೦ ಪೌಂಡಿಗೆ ಮಾರಿಕೊಂಡನು! ಜತೆಗಾರರೊಡನೆ ಆಡಿದ ಮಾತುಗಳನ್ನು ಗುಟ್ಟಾಗಿ ಟೇಪಿನಲ್ಲಿ ಹಿಡಿದಿಡಲಾಗಿತ್ತು. ಆ ಟೇಪು ನ್ಯಾಯಾಲಯಕ್ಕೆ ಬಂದಿತು. ೧೯೬೫ರ ಜನವರಿಯಲ್ಲಿ ನಾಟಿಂಗ್‌ಹ್ಯಾಮಿನಲ್ಲಿ ಹತ್ತು ಮಂದಿಗೆ ಸೆರೆಮನೆಯಾಯಿತು. ಗೋಲ್ಡನಿಗೆ ನಾಲ್ಕು ವರ್ಷ, ನಾವು ಹೆಸರಿಸಿದ ಮೂವರಿಗೆ ನಾಲ್ಕು ನಾಲ್ಕು ತಿಂಗಳು. ಆಟದಿಂದ ಆಜೀವ ಬಹಿಷ್ಕಾರವೂ ಬಿದ್ದಿತು. ಅದನ್ನು ತೆರವು ಮಾಡಿದುದು ೧೯೭೨ರಲ್ಲಿ. ಸ್ವಾನ್ ಮತ್ತು ಕೇ ಇಬ್ಬರೂ ಇಂಗ್ಲೆಂಡಿನ ಪರವಾಗಿ ಆಡಿದವರು. ನೂರು ಪೌಂಡಿಗೆ ಅವರು ತೆತ್ತ ಬೆಲೆಯನ್ನು ವಾಚಕರೇ ಊಹಿಸಿಕೊಳ್ಳಬಹುದು.

ಈ ಪ್ರಕರಣವನ್ನು ಆಧರಿಸಿ ಬಿ.ಬಿ.ಸಿ.ಯು ೧೯೯೭ರಲ್ಲಿ ‘ದಿ ಫಿಕ್ಸ್’ ಎಂಬ ದೂರದರ್ಶನ ನಾಟಕವನ್ನು ಪ್ರಸಾರ ಮಾಡಿತು. ನಿರ್ದೇಶಕ ಪಾಲ್ ಗ್ರೀನ್‌ಗ್ರಾಸ್. ಪತ್ರಿಕೆಯ ವರದಿಗಾರ ಮೈಕ್ ಗ್ಯಾಬರ್ಟನ ಪಾತ್ರದಲ್ಲಿ ಸ್ಟೀವ್ ಕೂಗನ್, ಟೋನಿ ಕೇ ಪಾತ್ರದಲ್ಲಿ ಜೇಸನ್ ಐಸಾಕ್ಸ್. ನಮ್ಮ ಹಾವೇರಿ ಜಿಲ್ಲೆ ಧಾರವಾಡ ಜಿಲ್ಲೆಯಿಂದ ಬೇರೆಯಾದುದೂ ಅದೇ ೧೯೯೭ರಲ್ಲಿ. ಜಗತ್ತಿನಲ್ಲೆಲ್ಲ ಮನೆಮಂದಿ ದೂರದರ್ಶನದ ಕಾರ್ಯಕ್ರಮಗಳನ್ನು ವಿ.ಎಚ್.ಎಸ್. ಟೇಪಿನಲ್ಲಿ ಹಿಡಿದಿಡುತ್ತಿದ್ದ ಕಾಲವದು. ಇಂತಹ ನಾಟಕವೊಂದನ್ನು ಅಲ್ಲಿಯ ಗೃಹಸ್ಥನೊಬ್ಬ ಮನೆಯ ಯಂತ್ರದಲ್ಲಿ ಹಿಡಿದಿಟ್ಟರೆ ಅದರಲ್ಲಿ ಉಳಿಯುವುದೇನು? ಆಗ ನಮ್ಮಲ್ಲಿಯೂ ಬ್ರಿಟನ್ನಿನಲ್ಲಿಯೂ ದೂರದರ್ಶನದ ಚಿತ್ರಕ್ಕೆ ೬೨೫ ಗೆರೆಗಳು, ಸೆಕೆಂಡಿಗೆ ೨೫ ಚಿತ್ರಗಳು ಇದ್ದವು. ಬಣ್ಣದ ಪದ್ಧತಿಯೂ ಒಂದೇ ಆಗಿತ್ತು, ಪಾಲ್ ಎಂಬುದು. ಆದುದರಿಂದ ಅಲ್ಲಿಯ ಲೆಕ್ಕ ಇಲ್ಲಿಗೂ ಸಲ್ಲುವುದು.

ಮೊದಲು ಧ್ವನಿಯನ್ನು ನೋಡೋಣ, ಅದು ಸರಳ. ಸದ್ದನ್ನು ಕಾಂತತ್ವವಾಗಿ ಬರೆದಿಡಬಹುದೆಂದು ೧೮೯೮ರಲ್ಲಿ ತೋರಿಸಿದವನು ಡೆನ್ಮಾರ್ಕಿನ ವಾಲ್ಡೆಮಾರ್ ಪೌಲ್ಸೆನ್. ಅವನು ಬಳಸಿದುದು ಉಕ್ಕಿನ ತಂತಿ. ೧೯೨೮ರಲ್ಲಿ ಜರ್ಮನಿಯ ಫ್ಲಾಯ್ಮರ್ ಎಂಬವನು ಕಾಗದದ ಪಟ್ಟಿಗೆ ಕಬ್ಬಿಣದ ಪುಡಿಯನ್ನು ಅಂಟಿಸಿದನು. ಮುಂದೆ ಕಾಗದ ಹೋಗಿ ಪ್ಲಾಸ್ಟಿಕ್ ಬಂದಿತು, ಬರಿಯ ಕಬ್ಬಿಣ ಹೋಗಿ ಕಬ್ಬಿಣದ ಆಕ್ಸೈಡು ಬಂದಿತು. ಇದು ತುಕ್ಕಿನ ಹತ್ತಿರದ ನಂಟ. ಟೇಪಿನ ಕಂದು ಬಣ್ಣ ಇದರದೇ. ಇದರ ಸೂಜಿಯಾಕಾರದ ಒಂದು ಕಣದ ಉದ್ದ ಮಿಲಿಮೀಟರಿನ ಎರಡು ಸಾವಿರದಲ್ಲೊಂದು ಭಾಗದ ಆಸುಪಾಸು. ಪ್ರತಿಯೊಂದು ಕಣವೂ ಒಂದು ಪುಟ್ಟ ಕಾಂತ. ಮೈಕಿನಿಂದ ಬರುವ ವಿದ್ಯುತ್ಪ್ರವಾಹವನ್ನು ಸುರುಳಿ ಸುತ್ತಿದ ಒಂದು ವಿದ್ಯುತ್ಕಾಂತಕ್ಕೆ ಹರಿಸಿ, ಅದರ ಸೀಳಿನೆದುರು ಟೇಪನ್ನು ಸಾಗಿಸಿದರೆ, ಪ್ರವಾಹದ ಏರಿಳಿತಕ್ಕೆ ತಕ್ಕಂತೆ ಕಣಗಳು ಕಾಂತತ್ವವನ್ನು ತಳೆದು ನಿಲ್ಲುವುವು. ಈ ವಿದ್ಯುತ್ಕಾಂತಕ್ಕೆ ಯಂತ್ರದವರು ‘ಹೆಡ್’ ಎನ್ನುತ್ತಾರೆ. ಮತ್ತೆ ಅದೇ ಟೇಪನ್ನು ಹೆಡ್ಡಿನ ಮುಂದೆ ಸಾಗಿಸಿದರೆ ಸುರುಳಿಯಲ್ಲಿ ಪ್ರವಾಹ ಹುಟ್ಟಿ ಹಳೆಯ ಮಾತು ಹೊಸದಾಗಿ ಕೇಳುವುದು.

ಮನುಷ್ಯನ ಮಾತು ತಿಳಿಯಲು ಸೆಕೆಂಡಿಗೆ ಮುನ್ನೂರರಿಂದ ಮೂರು ಸಾವಿರದ ನಾನೂರರವರೆಗಿನ ಕಂಪನಗಳು ಸಾಕು. ಹಳೆಯ ಟೆಲಿಫೋನು ಇಷ್ಟರಲ್ಲಿಯೇ ಸಂಸಾರ ನಡೆಸಿತು. ೧೯೬೦ರ ಸುಮಾರಿನ ಮನೆಯ ಟೇಪು ಯಂತ್ರಗಳಲ್ಲಿ ಸೆಕೆಂಡಿಗೆ ೯.೫ ಸೆಂ.ಮೀ. ಟೇಪು ಓಡುವುದು ವಾಡಿಕೆಯಾಗಿತ್ತು. ಮೂರು ಸಾವಿರ ಕಂಪನಗಳು ಈ ೯೫ ಮಿ.ಮೀ.ನಲ್ಲಿ ಹಂಚಿಹೋದರೆ ಒಂದು ಕಂಪನಕ್ಕೆ ಸಿಕ್ಕುವ ಜಾಗ ೦.೦೩ ಮಿ.ಮೀ. ಅಷ್ಟು ಉದ್ದದಲ್ಲಿ ಅರವತ್ತು ಕಣಗಳನ್ನು ತುದಿಗೆ ತುದಿ ಕೂಡಿಸಿ ಮಲಗಿಸಬಹುದು. ಜೂಜುಕೋರರ ಮಾತು ನ್ಯಾಯಾಧೀಶರಿಗೆ ಕೇಳಿಸಿದುದರಲ್ಲಿ ಆಶ್ಚರ್ಯವೇನಿದೆ!

ಚಿತ್ರದ ಕಷ್ಟವೇ ಬೇರೆ. ದೂರದರ್ಶನದ ಒಂದು ಗೆರೆಯ ಕಾಣುವ ಭಾಗವನ್ನು ಬರೆಯಲು ೫೨ ಮೈಕ್ರೋಸೆಕೆಂಡು, ಎಂದರೆ ಸೆಕೆಂಡಿನ ಹತ್ತು ಲಕ್ಷ ಭಾಗಗಳಲ್ಲಿ ೫೨ ಭಾಗ ಮಾತ್ರ ಅವಕಾಶ. ಇಷ್ಟರೊಳಗೆ ಬೆಳಕು ನೆರಳುಗಳ ಸೂಕ್ಷ್ಮವನ್ನೆಲ್ಲ ತೋರಿಸಬೇಕಾದರೆ ವಿದ್ಯುತ್ ಸಂಕೇತವು ಸೆಕೆಂಡಿಗೆ ಐವತ್ತು ಲಕ್ಷ ಸಲದವರೆಗೂ ಏರಿಳಿಯಬೇಕು. ಇದನ್ನು ೫ ಮೆಗಾಹರ್ಟ್ಸ್ ಎನ್ನುವುದು. ಧ್ವನಿಯ ಟೇಪಿನ ವೇಗದಲ್ಲಿಯೇ ಇದನ್ನು ಬರೆಯಹೊರಟರೆ ಒಂದು ಅಲೆಗೆ ಸಿಕ್ಕುವ ಜಾಗ ೦.೦೦೦೦೧೯ ಮಿ.ಮೀ. ಆ ಅಲೆ ಒಂದು ಕಣದ ಇಪ್ಪತ್ತೈದರಲ್ಲೊಂದು ಪಾಲು! ಜೋಳದ ಕಾಳಿನ ಮೇಲೆ ಪುರಾಣ ಬರೆದಂತಾಯಿತು.

ಹಾಗಾದರೆ ಟೇಪನ್ನು ವೇಗವಾಗಿ ಓಡಿಸಿದರಾಯಿತಲ್ಲವೇ? ಓಡಿಸಬಹುದು. ಸೆಕೆಂಡಿಗೆ ಐದು ಮೀಟರಿನ ಹತ್ತಿರ ಓಡಿಸಿದರೆ ಅಲೆಗೆ ೦.೦೦೧ ಮಿ.ಮೀ. ಜಾಗವಾದರೂ ಸಿಕ್ಕುವುದು. ಆದರೆ ಮೂರು ಗಂಟೆಯ ಕಾರ್ಯಕ್ರಮಕ್ಕೆ ೫೨ ಕಿಲೋಮೀಟರ್ ಟೇಪು ಬೇಕು! ಹಾವೇರಿಯಿಂದ ಹಾನಗಲ್ಲಿನವರೆಗೆ ಹಾಸಿದರೂ ಇನ್ನೂ ಉಳಿಯುವಷ್ಟು. ಯಾವ ಡಬ್ಬಿಯಲ್ಲಿ ತುಂಬುವುದು?

ಈ ಒಗಟನ್ನು ಬಿಡಿಸಿದ ಉಪಾಯ ಸುಂದರವಾಗಿದೆ. ಟೇಪು ಓಡಲಾರದಾದರೆ ಹೆಡ್ಡೇ ಓಡಲಿ. ಅಮೆರಿಕದ ಆಂಪೆಕ್ಸ್ ಸಂಸ್ಥೆಯವರು ೧೯೫೬ರಲ್ಲಿ ತಿರುಗುವ ಹೆಡ್ಡುಗಳ ಯಂತ್ರವನ್ನು ಜನರ ಮುಂದಿಟ್ಟರು. ಅದರ ಟೇಪು ಎರಡು ಅಂಗುಲ ಅಗಲ. ಯಂತ್ರವೋ ಒಂದು ಕೋಣೆಯ ಸಾಮಾನು. ಅದನ್ನು ಕುಗ್ಗಿಸಿ ಮನೆಗೆ ತರಲು ಇನ್ನೂ ಇಪ್ಪತ್ತು ವರ್ಷ ಹಿಡಿಯಿತು. ಜಪಾನಿನ ಜೆ.ವಿ.ಸಿ. ಸಂಸ್ಥೆಯ ವಿ.ಎಚ್.ಎಸ್. ಯಂತ್ರ ೧೯೭೬ರಲ್ಲಿ ಪೇಟೆಗೆ ಬಂದಿತು. ಅದರೊಳಗೆ ೬೨ ಮಿ.ಮೀ. ವ್ಯಾಸದ ಒಂದು ಉರುಳೆ, ಸ್ವಲ್ಪ ಓರೆಯಾಗಿ ನಿಂತು, ನಮ್ಮ ಪದ್ಧತಿಯಲ್ಲಿ ಸೆಕೆಂಡಿಗೆ ೨೫ ಸುತ್ತು ತಿರುಗುವುದು. ಉರುಳೆಯ ಎರಡು ಬದಿಗೆ ಎದುರುಬದುರಾಗಿ ಎರಡು ಹೆಡ್ಡುಗಳು. ಅರ್ಧ ಅಂಗುಲ ಅಗಲದ ಟೇಪು ಈ ಉರುಳೆಯನ್ನು ಅರ್ಧ ಬಳಸಿಕೊಂಡು, ಸೆಕೆಂಡಿಗೆ ಕೇವಲ ೨.೩೪ ಸೆಂ.ಮೀ.ನಂತೆ, ಎತ್ತಿನ ಗಾಡಿಗಿಂತ ನಿಧಾನವಾಗಿ ಸಾಗುವುದು. ಟೇಪು ನಿಧಾನ, ಹೆಡ್ಡು ಚುರುಕು. ಹೀಗಾಗಿ ಪ್ರತಿಯೊಂದು ಹೆಡ್ಡೂ ಟೇಪಿನ ಮೇಲೆ ಓರೆಯಾಗಿ ಸುಮಾರು ೯೭ ಮಿ.ಮೀ. ಉದ್ದದ ಒಂದು ಗೀಟನ್ನು ಎಳೆದು ಹೋಗುತ್ತದೆ. ಅದರ ಬೆನ್ನಿಗೇ ಇನ್ನೊಂದು ಹೆಡ್ಡು ಮುಂದಿನ ಗೀಟನ್ನು ಎಳೆಯುತ್ತದೆ. ಹೊಲದಲ್ಲಿ ಕೂರಿಗೆ ಹೊಡೆದಂತೆ ಸಾಲಿನ ಪಕ್ಕದಲ್ಲಿ ಸಾಲು. ೨೫೩ ಮೀಟರ್ ಟೇಪಿನೊಳಗೆ ೫೨ ಕಿಲೋಮೀಟರ್ ಬರವಣಿಗೆ ಮಡಿಸಿ ಕುಳಿತುದು ಹೀಗೆ.

ಸಾಲಿನ ಅಗಲವೆಷ್ಟೆಂದು ಕೇಳಿದರೆ ಕೂರಿಗೆಯ ರೈತ ನಕ್ಕಾನು - ೦.೦೪೯ ಮಿ.ಮೀ., ಎಂದರೆ ತಲೆಗೂದಲಿಗಿಂತ ಕಿರಿದು. ಸಾಲುಗಳ ನಡುವೆ ಬದುವಿಲ್ಲ. ಒಂದು ಹೆಡ್ಡಿನ ಸೀಳನ್ನು ಒಂದು ಕಡೆಗೆ ಆರು ಡಿಗ್ರಿ, ಇನ್ನೊಂದರದನ್ನು ಎದುರು ಕಡೆಗೆ ಆರು ಡಿಗ್ರಿ ಓರೆ ಮಾಡಿ, ಒಂದರ ಬರಹ ಇನ್ನೊಂದಕ್ಕೆ ಓದಬಾರದಂತೆ ಮಾಡಿದ್ದಾರೆ, ಅದೇ ಬೇಲಿ.

ಇಷ್ಟೆಲ್ಲ ಜಾಣ್ಮೆ ಮಾಡಿದರೂ ಮನೆಯ ಯಂತ್ರ ದೂರದರ್ಶನದ ಸಂಕೇತವನ್ನು ಪೂರ್ತಿಯಾಗಿ ಹಿಡಿಯಲಾರದು. ಐದು ಮೆಗಾಹರ್ಟ್ಸಿನಲ್ಲಿ ಮೂರನ್ನು ಇಟ್ಟುಕೊಂಡು ಎರಡನ್ನು ಬಿಟ್ಟುಬಿಡುತ್ತದೆ. ಬಣ್ಣಕ್ಕೆ ಅರ್ಧ ಮೆಗಾಹರ್ಟ್ಸೂ ಕಷ್ಟ. ಬಿಟ್ಟ ಈ ಭಾಗವೇ ಸೂಕ್ಷ್ಮದ ಭಾಗ. ಈಗ ಕಾಲ್ಚೆಂಡಿನ ಲೆಕ್ಕವನ್ನು ಮಾಡೋಣ. ನಮ್ಮ ತರುಣ ವಾಚಕರು ಕಾಗದ ಲೇಖನಿಗಳನ್ನು ತೆಗೆದುಕೊಳ್ಳಲಿ.

ಒಂದು ಅಲೆಯಲ್ಲಿ ಒಂದು ಬೆಳಕು, ಒಂದು ನೆರಳು. ಎಂದರೆ ಎರಡು ಚುಕ್ಕೆಗಳು. ೫೨ ಮೈಕ್ರೋಸೆಕೆಂಡಿನಲ್ಲಿ ೫ ಮೆಗಾಹರ್ಟ್ಸಿನ ೨೬೦ ಅಲೆಗಳು, ಆದುದರಿಂದ ೫೨೦ ಚುಕ್ಕೆಗಳು. ಇದು ಪ್ರಸಾರವಾದ ಚಿತ್ರದ ಅಡ್ಡಗಲದ ಸೂಕ್ಷ್ಮತೆ. ಟೇಪಿನ ೩ ಮೆಗಾಹರ್ಟ್ಸಿಗೆ ೧೫೬ ಅಲೆಗಳು, ೩೧೨ ಚುಕ್ಕೆಗಳು. ಚಿತ್ರದ ಅಗಲ ಎತ್ತರಗಳು ೪ಕ್ಕೆ ೩ರ ಪ್ರಮಾಣದಲ್ಲಿರುವುದರಿಂದ ಎತ್ತರದಷ್ಟು ಅಗಲದಲ್ಲಿ ೨೩೪. ಅಂಗಡಿಯವರು ‘೨೪೦ ಗೆರೆ’ ಎಂದು ಹೇಳುತ್ತಿದ್ದುದು ಇದನ್ನೇ.

ಈಗ ಕ್ಯಾಮೆರಾ ಮೈದಾನದ ೪೦ ಮೀಟರ್ ಅಗಲವನ್ನು ತೋರಿಸುತ್ತಿದೆಯೆನ್ನೋಣ. ಪ್ರಸಾರದ ಚಿತ್ರದಲ್ಲಿ ಒಂದು ಚುಕ್ಕೆಯ ಪಾಲಿಗೆ ೭.೭ ಸೆಂ.ಮೀ.; ಟೇಪಿನಲ್ಲಿ ೧೨.೮ ಸೆಂ.ಮೀ. ಚೆಂಡಿನ ವ್ಯಾಸ ೨೨ ಸೆಂ.ಮೀ. ಅಂದಮೇಲೆ ಪ್ರಸಾರದಲ್ಲಿ ಮೂರು ಚುಕ್ಕೆಯಷ್ಟಿದ್ದ ಚೆಂಡು ಮನೆಯ ಟೇಪಿನಲ್ಲಿ ಎರಡು ಚುಕ್ಕೆಯೂ ಇಲ್ಲ. ಆಟಗಾರನ ಪಾದ ಚೆಂಡನ್ನು ಮುಟ್ಟಿತೇ, ಬೇಕೆಂದೇ ತಪ್ಪಿಸಿತೇ ಎಂಬ ಪ್ರಶ್ನೆ ಈ ಎರಡು ಚುಕ್ಕೆಗಳಲ್ಲಿ ಮುಳುಗಿಹೋಗುವುದು. ಬಣ್ಣದ ಗತಿ ಇನ್ನೂ ಹೀನ. ಅರ್ಧ ಮೆಗಾಹರ್ಟ್ಸಿಗೆ ೫೨ ಚುಕ್ಕೆಗಳು. ಒಂದೊಂದು ೭೭ ಸೆಂ.ಮೀ. ಆಟಗಾರನ ಎದೆಯೇ ಅಷ್ಟು ಅಗಲವಿಲ್ಲ! ಅವನ ಅಂಗಿಯ ಬಣ್ಣ ಅಂಗಿಯನ್ನು ದಾಟಿ ಹುಲ್ಲಿಗೆ ಹರಿಯದೆ ಬೇರೆ ದಾರಿಯಿಲ್ಲ. ಹಾನಗಲ್ಲಿನ ಮದುವೆಯಲ್ಲಿ ಸೀರೆಯ ಕೆಂಪು ಗೋಡೆಗೆ ಹರಿದುದಕ್ಕೂ ಇದೇ ಕಾರಣ. ಟೇಪು ಹಳತಾದುದರಿಂದ ಹಾಗಾಯಿತೆಂದು ಮನೆಯವರು ತಿಳಿದಿದ್ದರು. ಮದುವೆಯಾದ ಮರುವಾರವೂ ಅದು ಹಾಗೆಯೇ ಇದ್ದಿತು, ಅಂದಿನ ಸಂಭ್ರಮದಲ್ಲಿ ಯಾರೂ ಗಮನಿಸಿರಲಿಲ್ಲ, ಅಷ್ಟೆ.

ಚಲನೆಯ ವಿಷಯವಾಗಿಯೂ ಒಂದು ಮಾತು. ದೂರದರ್ಶನವು ಒಂದು ಚಿತ್ರವನ್ನು ಎರಡು ಕಂತುಗಳಲ್ಲಿ ಬರೆಯುತ್ತದೆ: ಮೊದಲು ಬೆಸಗೆರೆಗಳು, ಬಳಿಕ ಸರಿಗೆರೆಗಳು, ಕಂತಿಗೆ ಸೆಕೆಂಡಿನ ಐವತ್ತರಲ್ಲೊಂದು ಪಾಲು. ಟೇಪಿನ ಒಂದೊಂದು ಓರೆಗೀಟೂ ಒಂದೊಂದು ಕಂತು. ಗಂಟೆಗೆ ೯೦ ಕಿಲೋಮೀಟರ್ ವೇಗದ ಚೆಂಡು ಒಂದು ಕಂತಿನ ಕಾಲದಲ್ಲಿ ಅರ್ಧ ಮೀಟರ್ ಸಾಗಿರುತ್ತದೆ. ಬೆಸಗೆರೆಗಳ ಚೆಂಡು ಒಂದು ಕಡೆ, ಸರಿಗೆರೆಗಳ ಚೆಂಡು ಅದರಿಂದ ಎರಡು ಚೆಂಡುಗಳಾಚೆ. ಹಳೆಯ ಗಾಜಿನ ಟಿ.ವಿ.ಯಲ್ಲಿ ಕಂತುಗಳು ಒಂದಾದ ಮೇಲೊಂದು ಬೆಳಗಿ ಆರುತ್ತಿದ್ದುದರಿಂದ ಕಣ್ಣಿಗೆ ತೊಂದರೆಯಿರಲಿಲ್ಲ. ಇಂದಿನ ಚಪ್ಪಟೆ ತೆರೆಗಾಗಿ ಎರಡು ಕಂತುಗಳನ್ನೂ ವಿವೇಚನೆಯಿಲ್ಲದೆ ಒಟ್ಟಿಗೆ ಹೆಣೆದರೆ ಓಡುವ ವಸ್ತುವಿನ ಅಂಚು ಬಾಚಣಿಗೆಯ ಹಲ್ಲಿನಂತೆ ಒಡೆದು ತೋರುವುದು. ಇಲ್ಲಿ ನಾಟಕಕ್ಕೂ ಪಂದ್ಯಕ್ಕೂ ಭೇದವಿದೆ. ಫಿಲ್ಮಿನ ಮೇಲೆ ತೆಗೆದ ನಾಟಕವಾದರೆ ಎರಡು ಕಂತುಗಳೂ ಒಂದೇ ಕ್ಷಣದ ಚಿತ್ರದಿಂದ ಬಂದವು, ಹೆಣೆದರೆ ಹಾನಿಯಿಲ್ಲ. ನೇರವಾಗಿ ವಿಡಿಯೋ ಕ್ಯಾಮೆರಾದಿಂದ ತೆಗೆದ ಪಂದ್ಯವಾದರೆ, ಅಥವಾ ಮದುವೆಯಾದರೆ, ಅವು ಎರಡು ಬೇರೆ ಬೇರೆ ಕ್ಷಣಗಳು.

ಈಗ ಹುಡುಗಿಯ ಪ್ರಶ್ನೆಗೆ ಬರೋಣ. ವಿ.ಎಚ್.ಎಸ್. ಟೇಪಿನಲ್ಲಿ ಧ್ವನಿಯನ್ನು ಸಾಮಾನ್ಯವಾಗಿ ಎಲ್ಲಿ ಬರೆಯುತ್ತಿದ್ದರು? ಓರೆಗೀಟುಗಳಲ್ಲಿ ಅಲ್ಲ. ಟೇಪಿನ ಒಂದು ಅಂಚಿನಲ್ಲಿ, ಉದ್ದಕ್ಕೂ, ಹಳೆಯ ಧ್ವನಿಟೇಪಿನಂತೆಯೇ ನೆಟ್ಟಗೆ. ಆ ದಾರಿಯ ಅಗಲ ಸುಮಾರು ಒಂದು ಮಿ.ಮೀ., ಚಿತ್ರದ ಸಾಲಿಗಿಂತ ಇಪ್ಪತ್ತು ಮಡಿ. ಟೇಪಿನ ವೇಗ ಕಡಮೆಯಾದುದರಿಂದ ಸಂಗೀತಕ್ಕೆ ಅದು ಸಾಲದು. ಓಲಗದ ಕೊನೆಯ ಚೀತ್ಕಾರಗಳು ಸತ್ತೇ ಕೇಳುವುವು. ಆದರೆ ಮೂರು ಸಾವಿರ ಕಂಪನಗಳ ಮಾತಿಗೆ ಒಂದು ಅಲೆಯ ಉದ್ದ ೦.೦೦೮ ಮಿ.ಮೀ.ನ ಹತ್ತಿರ; ಚಿತ್ರದ ಅತಿ ಸಣ್ಣ ಅಲೆ ೦.೦೦೧ ಮಿ.ಮೀ. ಉದ್ದದಲ್ಲಿ ಎಂಟು ಮಡಿ, ಅಗಲದಲ್ಲಿ ಇಪ್ಪತ್ತು ಮಡಿ ದೊಡ್ಡದಾದ ಅಕ್ಷರದಲ್ಲಿ ಬರೆದ ಮಾತು, ಧೂಳು ಬಿದ್ದರೂ ಒಂದಷ್ಟು ಪುಡಿ ಉದುರಿದರೂ, ಓದಬರುವುದು. ಚಿತ್ರದ ಅಕ್ಷರಕ್ಕೆ ಒಂದು ಧೂಳಿನ ಕಣವೂ ಬಂಡೆಯೇ. ಮುಖ ಅಳಿದು ಮಾತು ಉಳಿದುದಕ್ಕೆ ಅರ್ಧ ಕಾರಣ ಇದು. ಉಳಿದರ್ಧ ಕಾರಣ ನಮ್ಮ ಕಿವಿ: ಅಲ್ಪವನ್ನು ಕೊಟ್ಟರೂ ಅದು ಪರಿಚಿತರನ್ನು ಗುರುತಿಸುತ್ತದೆ.

ನಮ್ಮ ಊರುಗಳಲ್ಲಿ ಇನ್ನೊಂದು ಸಂಗತಿಯೂ ಸೇರಿಕೊಂಡಿತು. ೧೯೭೫-೭೬ರ ಪ್ರಸಿದ್ಧ ಉಪಗ್ರಹ ಪ್ರಯೋಗದಲ್ಲಿ ಕರ್ನಾಟಕದ ಬಿಜಾಪುರ, ಗುಲ್ಬರ್ಗ, ರಾಯಚೂರು ಜಿಲ್ಲೆಗಳ ಹಳ್ಳಿಗಳು ಟಿ.ವಿ. ಕಂಡವು, ಆಗ ಧಾರವಾಡ ಜಿಲ್ಲೆಗೆ ಸೇರಿದ್ದ ನಮ್ಮ ನಾಲ್ಕು ತಾಲ್ಲೂಕುಗಳಿಗೆ ಆ ಭಾಗ್ಯವಿರಲಿಲ್ಲ. ೧೯೮೧ರ ನವೆಂಬರ್ ೧ರಂದು ಬೆಂಗಳೂರು ಕೇಂದ್ರ ಆರಂಭವಾಯಿತು, ೧೯೮೩ರಲ್ಲಿ ಇನ್ಸಾಟ್-೧ಬಿ ಮೇಲೇರಿತು, ಬಳಿಕ ಹಂಚಿನ ಮನೆಗಳ ಮೇಲೆ ಆಂಟೆನಾ ಕೋಲುಗಳೆದ್ದವು. ಅದರ ಜತೆಯಲ್ಲಿಯೇ ಬಾಡಿಗೆಯ ವಿ.ಸಿ.ಆರ್. ಬಂದಿತು. ಬಾಡಿಗೆಯ ಕ್ಯಾಸೆಟ್ಟು ಎಷ್ಟನೆಯ ನಕಲೆಂದು ಅಂಗಡಿಯವನಿಗೂ ತಿಳಿಯದು. ಮದುವೆಯ ಕ್ಯಾಸೆಟ್ಟಿನದೂ ಅದೇ ಕಥೆ: ಮೂಲ ಒಂದು ಮನೆಗೆ, ನಕಲು ಬೀಗರ ಮನೆಗೆ, ನಕಲಿನ ನಕಲು ಸೋದರಮಾವನ ಮನೆಗೆ. ಒಂದು ಸಲ ನಕಲಾಗುವಾಗ ಅತಿ ಸೂಕ್ಷ್ಮ ರೇಖೆಗಳ ಬಲದಲ್ಲಿ ಹತ್ತರಲ್ಲಿ ಏಳು ಪಾಲು ಉಳಿಯುವುದೆಂದು ಊಹಿಸಿಕೊಂಡರೆ, ಎರಡನೆಯ ಸಲ ಐದು ಪಾಲಿಗೂ ಕಡಮೆ, ಮೂರನೆಯ ಸಲ ಮೂರೂವರೆಗೂ ಕಡಮೆ. ಮೂಲದ ಗೊಂದಲಕ್ಕೆ ಪ್ರತಿ ಯಂತ್ರವೂ ತನ್ನ ಗೊಂದಲವನ್ನು ಕೂಡಿಸುತ್ತ ಹೋಗುವುದು. ಆದುದರಿಂದ ಸೋದರಮಾವನ ಮನೆಯ ಪ್ರತಿ ಕೆಟ್ಟಿತೆಂದು ನಿರಾಶರಾಗುವ ಮೊದಲು ಮೂಲ ಯಾರಲ್ಲಿದೆಯೆಂದು ವಿಚಾರಿಸಬೇಕು.

ಇಲ್ಲಿ ಓದುಗರಿಗೊಂದು ಸಂದೇಹ ಬರಬಹುದು. ಚಿತ್ರ ಸ್ಪಷ್ಟವಾಗಿದ್ದರೆ ಮೋಸದ ಆಟವನ್ನು ಹಿಡಿಯಬಹುದಲ್ಲವೇ? ಇಪ್ಸ್‌ವಿಚ್ಚಿನ ಪಂದ್ಯವೇ ಇದಕ್ಕೆ ಉತ್ತರ. ಮುಂದೆ ಪ್ರಕರಣವನ್ನು ಬಯಲಿಗೆಳೆದ ‘ದಿ ಪೀಪಲ್’ ಪತ್ರಿಕೆಯೇ ಆ ದಿನದ ಪಂದ್ಯದ ಉತ್ತಮ ಆಟಗಾರನೆಂದು ಆರಿಸಿದುದು ಯಾರನ್ನು ಬಲ್ಲಿರಾ? ಟೋನಿ ಕೇಯನ್ನು! ಮೈದಾನದ ಪಕ್ಕದಲ್ಲಿ ಕುಳಿತ ಪಳಗಿದ ಕಣ್ಣುಗಳಿಗೆ ಟೇಪಿನ ಮಸುಕೂ ಇರಲಿಲ್ಲ, ನಕಲಿನ ದೋಷವೂ ಇರಲಿಲ್ಲ. ಆದರೂ ಏನೂ ಕಾಣಲಿಲ್ಲ. ಕಾಲು ಜಾರಿದುದನ್ನೂ ಜಾರಿಸಿದುದನ್ನೂ ಬೇರ್ಪಡಿಸುವ ಗುರುತು ಬೆಳಕಿನ ಕಿರಣದಲ್ಲಿ ಇರುವುದಿಲ್ಲ. ಅದು ಸಿಕ್ಕಿದುದು ಮಾತಿನಲ್ಲಿ, ಆ ಒರಟು ಕಂದು ಪಟ್ಟಿಯಲ್ಲಿ.

ಮೋಸ ತಿಳಿದ ಮೇಲೂ ಅದಕ್ಕೆ ಕಾನೂನಿನಲ್ಲಿ ಹೆಸರೇನೆಂಬುದು ಬೇರೆ ತೊಡಕು. ನಮ್ಮ ರಾಜ್ಯದಲ್ಲಿ ೨೦೧೯ರಲ್ಲಿ ಕರ್ನಾಟಕ ಪ್ರೀಮಿಯರ್ ಲೀಗ್ ಕ್ರಿಕೆಟ್ಟಿನ ಪಂದ್ಯಗಳ ಬಗೆಗೆ ಇಂತಹ ಆರೋಪ ಬಂದು ಆಟಗಾರರ ಬಂಧನವಾದುದನ್ನು ಅನೇಕರು ನೆನೆಯಬಹುದು. ೨೦೨೨ರ ಜನವರಿಯಲ್ಲಿ ಕರ್ನಾಟಕ ಹೈಕೋರ್ಟು, ಪಂದ್ಯವನ್ನು ಮೊದಲೇ ಗೊತ್ತು ಮಾಡಿಕೊಳ್ಳುವುದು ಅಪ್ರಾಮಾಣಿಕತೆಯೆನಿಸಬಹುದಾದರೂ ದಂಡಸಂಹಿತೆಯ ೪೨೦ನೆಯ ಕಲಮಿನ ‘ವಂಚನೆ’ಯಾಗದು, ಶಿಸ್ತಿನ ಕ್ರಮ ಕ್ರಿಕೆಟ್ ಮಂಡಳಿಯ ಕೆಲಸ ಎಂದು ಹೇಳಿ ಆ ಮೊಕದ್ದಮೆಯನ್ನು ರದ್ದುಪಡಿಸಿತು. ೧೯೬೫ರಲ್ಲಿ ಇಂಗ್ಲೆಂಡಿನವರು ಹೂಡಿದ ಆರೋಪ ವಂಚನೆಯ ಒಳಸಂಚಿನದು. ಅಪರಾಧಗಳು ಹೋಲಿದರೂ ಕಾನೂನಿನ ಅಳತೆಗೋಲು ದೇಶದಿಂದ ದೇಶಕ್ಕೆ ಒಂದೇ ಅಲ್ಲ. ಇದು ನಮ್ಮ ಶಾಸ್ತ್ರದ ಗಡಿಯಾಚೆಗಿನ ವಿಷಯ, ಇಷ್ಟಕ್ಕೆ ಬಿಡೋಣ.

ಸಾಕ್ಷಿಯ ಮಾತು ಬಂದುದರಿಂದ ಈಚಿನ ಒಂದು ಅಭ್ಯಾಸವನ್ನು ಹೇಳದಿರಲಾರೆವು. ಮಸುಕಾದ ಹಳೆಯ ಚಿತ್ರವನ್ನು ಕೃತಕ ಬುದ್ಧಿಯ ಗಣಕಕ್ಕೆ ಕೊಟ್ಟು ‘ಸ್ಪಷ್ಟ’ ಮಾಡಿಸುವವರು ಹೆಚ್ಚಾಗಿದ್ದಾರೆ. ಗಣಕವು ಸಾವಿರಾರು ಬೇರೆ ಮುಖಗಳನ್ನು ನೋಡಿ ಕಲಿತುದನ್ನು ಈ ಎಂಟು ಹತ್ತು ಚುಕ್ಕೆಗಳ ಮೇಲೆ ಹೊದಿಸುತ್ತದೆ. ಕಣ್ಣಿಗೆ ರೆಪ್ಪೆ ಮೂಡುವುದು, ಹಲ್ಲುಗಳು ಸಾಲಾಗುವುವು, ಗಲ್ಲದ ಸುಕ್ಕು ಹೋಗುವುದು. ಆದರೆ ಅದು ಟೇಪಿನಲ್ಲಿದ್ದುದಲ್ಲ. ಬಿಟ್ಟುಹೋದ ಎರಡು ಮೆಗಾಹರ್ಟ್ಸು ಎಲ್ಲಿಂದಲೂ ಮರಳಿ ಬಾರದು. ಹಾನಗಲ್ಲಿನ ಆ ಹುಡುಗಿಗೆ ಹೀಗೆ ಸಿಕ್ಕುವುದು ಅವಳ ಅಜ್ಜಿಯ ಮುಖವಲ್ಲ, ಯಾರೋ ಒಬ್ಬ ಅಜ್ಜಿಯ ಮುಖ. ನಮ್ಮ ಮಟ್ಟಿಗೆ ಹೇಳುವುದಾದರೆ, ಮಸುಕಿನ ಸತ್ಯವೇ ಲೇಸು. ಅಂತಹ ಪ್ರತಿ ಮಾಡಿಸಿಕೊಂಡರೂ ಮೂಲವನ್ನು ಅಳಿಸಬಾರದು.

ಕಾಲ ಹೆಚ್ಚಿಲ್ಲ. ವಿ.ಎಚ್.ಎಸ್. ಯಂತ್ರಗಳನ್ನು ಕಟ್ಟಕಡೆಯವರೆಗೂ ತಯಾರಿಸುತ್ತಿದ್ದ ಜಪಾನಿನ ಫುನಾಯ್ ಸಂಸ್ಥೆ ೨೦೧೬ರ ಜುಲೈಯಲ್ಲಿ ತಯಾರಿಕೆಯನ್ನು ನಿಲ್ಲಿಸಿತು. ಹೆಡ್ಡು ಸವೆದರೆ ಹಳೆಯ ಯಂತ್ರದಿಂದ ಕಿತ್ತು ಹಾಕಬೇಕಷ್ಟೆ. ಟೇಪಿನ ಕಡೆಯಿಂದ ನೋಡಿದರೆ, ಆಕ್ಸೈಡಿನ ಕಣಗಳು ತಾವಾಗಿ ಕಾಂತತ್ವವನ್ನು ಬೇಗ ಕಳೆದುಕೊಳ್ಳುವುದಿಲ್ಲ; ಕೆಡುವುದು ಅವನ್ನು ಹಿಡಿದಿಟ್ಟ ಅಂಟು. ಅದು ಗಾಳಿಯ ತೇವವನ್ನು ಹೀರಿ ಒಡೆದು ಜಿಗುಟಾಗುವುದು; ಪುಡಿ ಹೆಡ್ಡಿಗೆ ಮೆತ್ತಿಕೊಳ್ಳುವುದು. ಮಲೆನಾಡಿನ ಸೆರಗಿನಲ್ಲಿರುವ ಹಾನಗಲ್ಲಿನ ಮಳೆಗಾಲಕ್ಕೂ, ಸವಣೂರು ಶಿಗ್ಗಾ೦ವಿಗಳ ಕಡೆಯ ಒಣಹವೆಗೂ ಈ ವಿಷಯದಲ್ಲಿ ಅಂತರವುಂಟು. ಆದರೆ ಒಣ ಊರಿನಲ್ಲಿಯೂ ಗೋಡೆಯ ಗೂಡು ಜಿನುಗುತ್ತಿದ್ದರೆ ಫಲ ಒಂದೇ.

ಕ್ಯಾಸೆಟ್ಟನ್ನು ಪುಸ್ತಕದಂತೆ ನೆಟ್ಟಗೆ ನಿಲ್ಲಿಸಿಡಬೇಕು, ಧ್ವನಿವರ್ಧಕದ ಪಕ್ಕದಲ್ಲಿ ಇಡಬಾರದು. ಗಣಕಕ್ಕೆ ಇಳಿಸುವ ಅಂಗಡಿಗೆ ಕೊಡುವಾಗ ಎರಡು ಮಾತು ಹೇಳಬೇಕು: ಸೆಕೆಂಡಿಗೆ ಐವತ್ತು ಕಂತುಗಳನ್ನೂ ಐವತ್ತಾಗಿಯೇ ಉಳಿಸಿರಿ, ೪ಕ್ಕೆ ೩ರ ಚಿತ್ರವನ್ನು ಇಂದಿನ ಅಗಲ ತೆರೆಗೆ ಎಳೆದು ಹಿಗ್ಗಿಸಬೇಡಿರಿ. ಹಿಗ್ಗಿಸಿದರೆ ಮೂರರಲ್ಲೊಂದು ಪಾಲು ಅಗಲ ಹೆಚ್ಚಿ ಎಲ್ಲರ ಮುಖವೂ ಬೀಗಿದಂತೆ ತೋರುವುದು.

ಯಂತ್ರಕ್ಕೆ ಹಾಕುವ ಮೊದಲು ಕ್ಯಾಸೆಟ್ಟನ್ನು ಕಿಟಕಿಯ ಬೆಳಕಿನಲ್ಲಿ ಹಿಡಿದು ಟೇಪಿನ ಸುರುಳಿಯ ಅಂಚನ್ನು ನೋಡಿರಿ. ಅಲ್ಲಿ ಸುಣ್ಣ ಚಿಮುಕಿಸಿದಂತೆ ಬಿಳಿಯ ಚುಕ್ಕೆಗಳಿದ್ದರೆ ಅದು ಬೂಷ್ಟು. ಅಂತಹುದನ್ನು ಹಾಗೆಯೇ ಓಡಿಸಿದರೆ ಆ ಟೇಪು ಹರಿಯಬಹುದು, ಹೆಡ್ಡಿಗೆ ಹತ್ತಿದ ಬೂಷ್ಟು ಮುಂದೆ ಹಾಕುವ ಕ್ಯಾಸೆಟ್ಟುಗಳಿಗೂ ಹರಡಬಹುದು. ಅದನ್ನು ಬೇರೆ ಚೀಲದಲ್ಲಿ ಕಟ್ಟಿ, ಟೇಪನ್ನು ಶುಚಿ ಮಾಡಬಲ್ಲವರು ಸಿಕ್ಕುವವರೆಗೂ ಒಣಗಿದ ಜಾಗದಲ್ಲಿ ಇಟ್ಟಿರಬೇಕು.